ಪೆನ್‌ಡ್ರೈವ್‌ನಿಂದ ಓಡಿಸುವ ಡೆಸ್ಕ್‌ಟಾಪ್ ಸೆಟಪ್ ಕೈಕೊಟ್ಟರೆ: ಲಕ್ಷಣ ನೋಡಿ ದೋಷ ಹಿಡಿಯುವುದು

ಮನೆಯಲ್ಲೊಂದು ಕಂಪ್ಯೂಟರ್, ಪೇಟೆಯಲ್ಲಿ ಇನ್ನೊಂದು, ನಡುವೆ ಜೇಬಿನಲ್ಲೊಂದು ಪೆನ್‌ಡ್ರೈವ್. ಕೊಡಗಿನಲ್ಲಿ ಇದು ಮಾಮೂಲಿ. ವಿರಾಜಪೇಟೆ ಕಡೆಯಿಂದ ಮಡಿಕೇರಿಗೆ ಓದಲು ಹೋಗುವವರು, ಹೋಮ್‌ಸ್ಟೇ ಕೌಂಟರಿನ ಒಂದೇ ಕಂಪ್ಯೂಟರ್‌ನಲ್ಲಿ ಪಾಳಿ ಮೇಲೆ ಕೂರುವವರು, ತೋಟದ ಲೆಕ್ಕವನ್ನು ಮನೆಯಲ್ಲೂ ಗೋಣಿಕೊಪ್ಪದ ಆಫೀಸಿನಲ್ಲೂ ಬರೆಯುವವರು, ಎಲ್ಲರಿಗೂ ಆಸೆ ಒಂದೇ: ಎಲ್ಲಿ ಕೂತರೂ ಡೆಸ್ಕ್‌ಟಾಪ್ ನನ್ನದೇ ಇರಬೇಕು. ಅದಕ್ಕೆ ಪರದೆ ಮೇಲೆ ಗಡಿಯಾರ, ಹವಾಮಾನ ತೋರಿಸುವ ರೈನ್‌ಮೀಟರ್, ಕೀಬೋರ್ಡ್ ಶಾರ್ಟ್‌ಕಟ್ ಮಾಡಿಕೊಡುವ ಆಟೋಹಾಟ್‌ಕೀ, ಟಾಸ್ಕ್‌ಬಾರ್ ಅಂಥವನ್ನು ಬದಲಿಸುವ ವಿಂಡ್‌ಹಾಕ್, ವಿಂಡೋಸ್‌ನ ಒಳಗಿನ ಸೆಟ್ಟಿಂಗ್ ತಿದ್ದುವ ವಿನೇರೋ ಟ್ವೀಕರ್ ಇಂಥವನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಓಡಾಡುತ್ತಾರೆ. ಕೆಲವು ದಿನ ಚೆನ್ನಾಗಿಯೇ ನಡೆಯುತ್ತದೆ. ಆಮೇಲೆ ಒಂದು ದಿನ ಏನೋ ಕೆಡುತ್ತದೆ, ಬೈಗುಳವೆಲ್ಲ ಪೆನ್‌ಡ್ರೈವ್‌ಗೆ.

ಆದರೆ ಹೆಚ್ಚಿನ ಸಲ ಪೆನ್‌ಡ್ರೈವ್ ಸರಿಯಾಗಿಯೇ ಇರುತ್ತದೆ. ಸೆಟ್ಟಿಂಗ್ ಎಲ್ಲಿ ಬರೆದಿಟ್ಟಿದೆ ಅನ್ನುವುದರಲ್ಲಿ ತಪ್ಪಾಗಿರುತ್ತದೆ. ಆದ್ದರಿಂದ ಏನೇ ಮಾಡುವ ಮೊದಲು ನಿಮ್ಮ ಸಾಫ್ಟ್‌ವೇರ್ ಈ ಮೂರರಲ್ಲಿ ಯಾವ ಜಾತಿ ಅಂತ ನೋಡಿಕೊಳ್ಳಿ.

ರೈನ್‌ಮೀಟರ್, ಆಟೋಹಾಟ್‌ಕೀ ತರಹದವು ತಮ್ಮ ಪಾಡಿಗೆ ಮೇಲಿಂದ ಕೆಲಸ ಮಾಡುತ್ತವೆ. ನಿಲ್ಲಿಸಿದರೆ ಡೆಸ್ಕ್‌ಟಾಪ್ ಮೊದಲಿನಂತೆ ಆಗುತ್ತದೆ. ವಿಂಡ್‌ಹಾಕ್ ತರಹದವು ಓಡುತ್ತಿರುವ ಎಕ್ಸ್‌ಪ್ಲೋರರ್ (ಟಾಸ್ಕ್‌ಬಾರ್, ಫೋಲ್ಡರ್ ತೋರಿಸುವ ವಿಂಡೋಸ್‌ನದ್ದೇ ಪ್ರೋಗ್ರಾಂ) ಒಳಗೇ ತಮ್ಮ ಕೋಡ್ ಸೇರಿಸುತ್ತವೆ, ಅಲ್ಲಿ ಎಡವಟ್ಟಾದರೆ ಟಾಸ್ಕ್‌ಬಾರ್ ಸಮೇತ ಅಲ್ಲಾಡುತ್ತದೆ. ವಿನೇರೋ ಟ್ವೀಕರ್ ತರಹದವು ಆ ಕಂಪ್ಯೂಟರಿನ ರಿಜಿಸ್ಟ್ರಿಯಲ್ಲೇ, ಅಂದರೆ ವಿಂಡೋಸ್ ತನ್ನ ಸೆಟ್ಟಿಂಗ್ ಬರೆದಿಡುವ ಜಾಗದಲ್ಲೇ, ಬರೆಯುತ್ತವೆ. ಈ ಮೂರನೆಯ ಜಾತಿಯಲ್ಲಿ ನಿಮ್ಮ ಜೊತೆ ಬರುವುದು ಪ್ರೋಗ್ರಾಂ ಮಾತ್ರ. ಮಾಡಿದ ಬದಲಾವಣೆ ಅಲ್ಲೇ ಉಳಿಯುತ್ತದೆ. ಬೇರೆಯವರ ಕಂಪ್ಯೂಟರ್ ಆದರೆ ಅವರಿಗೇ ಉಳಿಯುತ್ತದೆ, ಅವರು ಕೇಳದಿದ್ದರೂ.

## ಚುಚ್ಚಿದರೂ ಏನೂ ಆಗುವುದಿಲ್ಲ

"ಮೊದಲೆಲ್ಲ ಚುಚ್ಚಿದ ಕೂಡಲೇ ತಾನಾಗಿ ಶುರುವಾಗುತ್ತಿತ್ತು" ಅಂತ ಹಳಬರು ಹೇಳುತ್ತಾರೆ. ನಿಜ, ಎಕ್ಸ್‌ಪಿ ಕಾಲದಲ್ಲಿ ಹಾಗಿತ್ತು. ವಿಂಡೋಸ್ 7ರಿಂದ ಪೆನ್‌ಡ್ರೈವ್‌ನ ಆಟೋರನ್ ಬಂದ್. ವೈರಸ್ ಹರಡುವುದಕ್ಕೆ ಅದೇ ದೊಡ್ಡ ದಾರಿಯಾಗಿತ್ತು. ಹಾಗಾಗಿ ತಾನಾಗಿ ಶುರುವಾಗದಿದ್ದರೆ ಅದು ದೋಷವೇ ಅಲ್ಲ, ಫೋಲ್ಡರ್ ತೆರೆದು ನೀವೇ ಒತ್ತಬೇಕು.

ಡ್ರೈವೇ ಕಾಣಿಸುತ್ತಿಲ್ಲ ಅಂದರೆ ಮೊದಲು ಬೇರೆ ಪೋರ್ಟ್‌ಗೆ ಹಾಕಿ. ಹಬ್ ಇದ್ದರೆ ತೆಗೆದು ನೇರ ಹಾಕಿ. ಡೆಸ್ಕ್‌ಟಾಪ್ ಆದರೆ ಮುಂದಿನ ಪೋರ್ಟ್ ಬಿಟ್ಟು ಹಿಂದಿನದಕ್ಕೆ. ಮುಂದಿನ ಪೋರ್ಟ್ ಒಳಗಿನ ಸಣ್ಣ ವೈರ್ ಮೇಲೆ ನಿಂತಿರುತ್ತದೆ, ಅದು ಸಡಿಲವಾಗುವುದು ಜಾಸ್ತಿ.

ನಮ್ಮ ಕಡೆ ಇನ್ನೊಂದು ಕಾರಣ ಇದೆ: ತೇವ. ಕಕ್ಕಡದ (ಜುಲೈ-ಆಗಸ್ಟ್) ಮಳೆಯಲ್ಲಿ ಬಟ್ಟೆಯನ್ನೇ ಒಲೆಯ ಹತ್ತಿರ ಒಣಗಿಸುವ ಮನೆಗಳಲ್ಲಿ ಪೆನ್‌ಡ್ರೈವ್ ಮಾತ್ರ ಹೇಗೆ ಒಣಗಿರುತ್ತದೆ? ಮೊಬೈಲ್ ಟಾರ್ಚ್ ಹಾಕಿ ಅದರ ಬಾಯಿಯೊಳಗೆ ನೋಡಿ. ನಾಲ್ಕು ಚಿನ್ನದ ಬಣ್ಣದ ಪಟ್ಟಿಗಳಿರುತ್ತವೆ, ನೀಲಿ ನಾಲಿಗೆಯ ಯುಎಸ್‌ಬಿ 3 ಆದರೆ ಹಿಂದೆ ಇನ್ನೂ ಐದು ಸಣ್ಣವು. ಪಟ್ಟಿ ಹೊಳೆಯಬೇಕು. ಮಂಕಾಗಿ, ಬಿಳಿ ಪುಡಿಯೋ ಹಸಿರು ಕಲೆಯೋ ಹಿಡಿದಿದ್ದರೆ ಕಾರಣ ಸಿಕ್ಕಿತು ಅಂತಲೇ. ಮೆಡಿಕಲ್ ಶಾಪಿನ ಸ್ಪಿರಿಟ್‌ಗಿಂತ ಎಲೆಕ್ಟ್ರಾನಿಕ್ಸ್ ಅಂಗಡಿಯ ಐಪಿಎ (ಐಸೊಪ್ರೊಪೈಲ್ ಆಲ್ಕೋಹಾಲ್) ಒಳ್ಳೆಯದು, ಅದರಲ್ಲಿ ನೀರು ಕಡಿಮೆ. ಹತ್ತಿಕಡ್ಡಿಗೆ ಒಂದೆರಡು ಹನಿ ಹಾಕಿ ಒರೆಸಿ, ಪೂರ್ತಿ ಆರಿದ ಮೇಲೆ ಹಾಕಿ. ಕಂಪ್ಯೂಟರಿನ ಪೋರ್ಟ್ ಒಳಗೆ ಪಿನ್ನು, ಸೂಜಿ ಹಾಕಿ ಕೆರೆಯಬೇಡಿ. ಅಲ್ಲಿ 5 ವೋಲ್ಟ್ ಇರುತ್ತದೆ, ನಿಮಗೇನೂ ಆಗುವುದಿಲ್ಲ, ಶಾರ್ಟ್ ಆಗಿ ಬೋರ್ಡ್ ಹೋಗಬಹುದು.

ಪೆನ್‌ಡ್ರೈವ್ ಹಾಕುವಾಗ ಬೆರಳಿಗೆ ಜುಮ್ ಅಂದರೆ ಅಲ್ಲಿಗೇ ನಿಲ್ಲಿಸಿ. ಅದು ಪೆನ್‌ಡ್ರೈವ್ ಸಮಸ್ಯೆ ಅಲ್ಲ. ಕ್ಯಾಬಿನೆಟ್‌ಗೆ ಲೀಕೇಜ್ ಬರುತ್ತಿದೆ ಅಥವಾ ಆ ಪ್ಲಗ್‌ಗೆ ಅರ್ಥ್ ಇಲ್ಲ. ಗೋಡೆಯ ಸ್ವಿಚ್ ಆರಿಸಿ ಎಲೆಕ್ಟ್ರಿಷಿಯನ್ ಕರೆಯಿರಿ. ಹಾಗೆಯೇ ಏಪ್ರಿಲ್, ಮೇ ತಿಂಗಳ ಗುಡುಗು ಸಿಡಿಲಿನಲ್ಲಿ ಈ ಯಾವ ಪರೀಕ್ಷೆಯೂ ಬೇಡ, ಪ್ಲಗ್ ಕಿತ್ತಿಟ್ಟು ಕಾಫಿ ಕುಡಿಯಿರಿ.

ಪೋರ್ಟ್ ಬದಲಿಸಿದರೂ ಕಾಣದಿದ್ದರೆ ಸ್ಟಾರ್ಟ್ ಬಟನ್ ಮೇಲೆ ರೈಟ್ ಕ್ಲಿಕ್ ಮಾಡಿ ಡಿಸ್ಕ್ ಮ್ಯಾನೇಜ್‌ಮೆಂಟ್ ತೆರೆಯಿರಿ. ಅಲ್ಲಿ ಡ್ರೈವ್ ಇದೆ, ಡ್ರೈವ್ ಲೆಟರ್ (ಇ, ಎಫ್ ಅಂಥ ಗುರುತು) ಮಾತ್ರ ಇಲ್ಲ ಅಂದರೆ ಲೆಟರ್ ಕೊಟ್ಟರೆ ಮುಗಿಯಿತು. "ನೋ ಮೀಡಿಯಾ" ಅಂತ ತೋರಿಸಿದರೆ ಒಳಗಿನ ಚಿಪ್ ಮಾತಾಡುತ್ತಿಲ್ಲ, ಮನೆಯಲ್ಲಿ ಮಾಡುವಂಥದ್ದು ಏನೂ ಉಳಿದಿಲ್ಲ.

## ಒತ್ತಿದ ಕೂಡಲೇ ವಿಂಡೋಸ್ ತಡೆಯುತ್ತದೆ

ಇದರಲ್ಲಿ ಹಲವು ತರಹ ಇದೆ, ಬರುವ ಮೆಸೇಜ್ ಸರಿಯಾಗಿ ಓದಿ.

"ವಿಂಡೋಸ್ ಪ್ರೊಟೆಕ್ಟೆಡ್ ಯುವರ್ ಪಿಸಿ" ಅಂತ ನೀಲಿ ಪೆಟ್ಟಿಗೆ ಬಂದರೆ ಅದು ಸ್ಮಾರ್ಟ್‌ಸ್ಕ್ರೀನ್. ಇಂಟರ್‌ನೆಟ್‌ನಿಂದ ಬಂದ, ಜಾಸ್ತಿ ಜನ ಬಳಸದ ಫೈಲ್ ಅಂತ ಅದರ ಅನುಮಾನ ಅಷ್ಟೇ. ಸಾಫ್ಟ್‌ವೇರ್ ತಯಾರಕರ ಸೈಟ್‌ನಿಂದಲೇ ಇಳಿಸಿದ್ದರೆ "ಮೋರ್ ಇನ್ಫೋ" ಒತ್ತಿ "ರನ್ ಎನಿವೇ" ಕೊಡಬಹುದು. ಜಿಪ್ ಇಳಿಸಿದ ಕೂಡಲೇ, ಬಿಚ್ಚುವ ಮೊದಲೇ, ಅದರ ಪ್ರಾಪರ್ಟೀಸ್‌ನಲ್ಲಿ "ಅನ್‌ಬ್ಲಾಕ್" ಟಿಕ್ ಮಾಡಿದರೆ ಈ ತಾಪತ್ರಯ ಇರುವುದಿಲ್ಲ. ಬಿಚ್ಚಿದ ಮೇಲಾದರೆ ಒಳಗಿನ ಒಂದೊಂದು ಫೈಲಿಗೂ ಆ ಗುರುತು ಅಂಟಿಕೊಂಡಿರುತ್ತದೆ.

ಫೈಲೇ ಮಾಯವಾಗಿದ್ದರೆ ಆಂಟಿವೈರಸ್ ತೆಗೆದಿದೆ. ಆಟೋಹಾಟ್‌ಕೀ ಸ್ಕ್ರಿಪ್ಟನ್ನು ಇಎಕ್ಸ್‌ಇ (ನೇರ ಓಡುವ ಪ್ರೋಗ್ರಾಂ ಫೈಲ್) ಮಾಡಿಟ್ಟುಕೊಂಡವರಿಗೆ ಇದು ಪದೇ ಪದೇ ಆಗುತ್ತದೆ. ಕೀಬೋರ್ಡ್ ಮೇಲೆ ಕಣ್ಣಿಡುವ ಪ್ರೋಗ್ರಾಂ ಅಂದರೆ ಆಂಟಿವೈರಸ್‌ಗೆ ಸಂಶಯ ಬರುವುದು ಸಹಜ ಅಲ್ವಾ. ಇಎಕ್ಸ್‌ಇ ಬಿಡಿ, ಆಟೋಹಾಟ್‌ಕೀಯ ಜಿಪ್ ಬಿಚ್ಚಿಟ್ಟು ಅದರಿಂದಲೇ ಮೂಲ ಸ್ಕ್ರಿಪ್ಟ್ ಓಡಿಸಿ. ಇದಕ್ಕಾಗಿ ಆಂಟಿವೈರಸ್ ಪೂರ್ತಿ ಆರಿಸುವುದು ಮಾತ್ರ ಬೇಡವೇ ಬೇಡ.

"ಬ್ಲಾಕ್ಡ್ ಬೈ ಯುವರ್ ಸಿಸ್ಟಂ ಅಡ್ಮಿನಿಸ್ಟ್ರೇಟರ್" ಅಂತ ಬಂದರೆ ಮುಂದೆ ಹೋಗಬೇಡಿ. ಕಾಲೇಜು ಲ್ಯಾಬ್, ಬ್ಯಾಂಕು, ಪಂಚಾಯಿತಿ ಆಫೀಸುಗಳಲ್ಲಿ ಪೆನ್‌ಡ್ರೈವ್‌ನಿಂದ ಏನೂ ಓಡದಂತೆ ಬೇಕೆಂದೇ ಕಟ್ಟಿಟ್ಟಿರುತ್ತಾರೆ. ಅದನ್ನು ದಾಟುವ ಉಪಾಯ ನಾನು ಬರೆಯುವುದಿಲ್ಲ. ಲ್ಯಾಬ್ ನೋಡಿಕೊಳ್ಳುವ ಸರ್ ಅಥವಾ ಮೇಡಂ ಹತ್ತಿರ ಕೇಳಿ, ಕೊಟ್ಟರೆ ಕೊಟ್ಟರು. ಸ್ಟೋರ್‌ನ ಆ್ಯಪ್ ಮಾತ್ರ ಓಡುತ್ತದೆ ಅಂತ ಹೇಳಿದರೆ ಆ ಲ್ಯಾಪ್‌ಟಾಪ್ ಎಸ್ ಮೋಡ್‌ನಲ್ಲಿದೆ. ಅದರಿಂದ ಹೊರಗೆ ಬರಬಹುದು, ವಾಪಸ್ ಹೋಗುವಂತಿಲ್ಲ. ಆದ್ದರಿಂದ ಬೇರೆಯವರ ಲ್ಯಾಪ್‌ಟಾಪ್ ಆದರೆ ನೀವೇ ತೀರ್ಮಾನ ಮಾಡಬೇಡಿ.

ವಿಸಿರನ್‌ಟೈಮ್ 140 ಡಿಎಲ್‌ಎಲ್ ಇಲ್ಲ ಅಂತ ಬಂದರೆ ಆ ಕಂಪ್ಯೂಟರ್‌ನಲ್ಲಿ ಮೈಕ್ರೋಸಾಫ್ಟ್‌ನ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಇಲ್ಲ. ಅದನ್ನು ಮೈಕ್ರೋಸಾಫ್ಟ್ ಸೈಟ್‌ನಿಂದಲೇ ಹಾಕಬೇಕು, ಅಡ್ಮಿನ್ ಪಾಸ್‌ವರ್ಡ್ ಬೇಕಾಗುತ್ತದೆ. ಒಂದೇ ಒಂದು ಡಿಎಲ್‌ಎಲ್ ಕೊಡುವ ಸೈಟ್‌ಗಳ ಕಡೆ ತಲೆ ಹಾಕಬೇಡಿ. "ದಿಸ್ ಆ್ಯಪ್ ಕಾಂಟ್ ರನ್" ಅಂದರೆ 64 ಬಿಟ್ ಪ್ರೋಗ್ರಾಂ ಅನ್ನು 32 ಬಿಟ್ ವಿಂಡೋಸ್ ಮೇಲೆ ಒತ್ತಿರಬಹುದು, ಇಲ್ಲವೇ ಕಾಪಿ ಅರ್ಧಕ್ಕೆ ನಿಂತಿರಬಹುದು. ಫೈಲಿನ ಸೈಜ್ ನೋಡಿ. ಸೊನ್ನೆ ಇದ್ದರೆ ಎರಡನೆಯದು.

## ತೆರೆಯುತ್ತದೆ, ಆದರೆ ನನ್ನ ಸೆಟ್ಟಿಂಗ್ ಒಂದೂ ಇಲ್ಲ

ಅತಿ ಹೆಚ್ಚು ಕೇಳುವ ದೂರು ಇದು. ಮನೆಯಲ್ಲಿ ಗಡಿಯಾರ, ಹವಾಮಾನ, ಮಳೆಯ ಇಂಚು-ಸೆಂಟ್ ಬರೆದಿಡುವ ಚೌಕ ಎಲ್ಲ ಇತ್ತು, ಆಫೀಸಿನಲ್ಲಿ ತೆರೆದರೆ ರೈನ್‌ಮೀಟರ್ ಹೊಸದಾಗಿ ಹಾಕಿದ ಹಾಗೆ ವೆಲ್‌ಕಂ ಹೇಳುತ್ತದೆ.

ಕಾರಣ ಸರಳ. ರೈನ್‌ಮೀಟರ್ ಶುರುವಾಗುವಾಗ ತನ್ನ ಇಎಕ್ಸ್‌ಇ ಇರುವ ಫೋಲ್ಡರ್‌ನಲ್ಲೇ ರೈನ್‌ಮೀಟರ್ ಡಾಟ್ ಐಎನ್‌ಐ ಅನ್ನುವ ಸೆಟ್ಟಿಂಗ್ ಫೈಲ್ ಇದೆಯಾ ಅಂತ ನೋಡುತ್ತದೆ. ಇದ್ದರೆ ಅದನ್ನೇ ಬಳಸುತ್ತದೆ, ಅದೇ ಪೋರ್ಟಬಲ್. ಇಲ್ಲದಿದ್ದರೆ ಆ ಕಂಪ್ಯೂಟರಿನ ಆ್ಯಪ್‌ಡೇಟಾ ಫೋಲ್ಡರ್‌ಗೆ ಹೋಗಿ ಅಲ್ಲಿಂದ ಓದುತ್ತದೆ. ಪ್ರೋಗ್ರಾಂ ಫೈಲ್ಸ್‌ನಲ್ಲಿದ್ದ ಫೋಲ್ಡರನ್ನು ಹಾಗೇ ಎಳೆದು ಪೆನ್‌ಡ್ರೈವ್‌ಗೆ ಹಾಕಿದವರ ಕಥೆ ಇದೇ: ಪ್ರೋಗ್ರಾಂ ಬಂತು, ಐಎನ್‌ಐ ಮನೆಯ ಕಂಪ್ಯೂಟರಿನ ಆ್ಯಪ್‌ಡೇಟಾದಲ್ಲೇ ಉಳಿಯಿತು, ಸ್ಕಿನ್‌ಗಳು (ಪರದೆಯ ಮೇಲೆ ಕಾಣುವ ಆ ಗಡಿಯಾರ, ಹವಾಮಾನದ ಚೌಕಗಳು) ಡಾಕ್ಯುಮೆಂಟ್ಸ್‌ನಲ್ಲಿ ಉಳಿದವು.

ಮೊದಲು ಫೋಲ್ಡರ್ ತೆರೆದು ಐಎನ್‌ಐ ಇದೆಯಾ ನೋಡಿ. ಖರ್ಚಿಲ್ಲದ ಪರೀಕ್ಷೆ. ಇಲ್ಲದಿದ್ದರೆ ಹಳೆಯದನ್ನು ರಿಪೇರಿ ಮಾಡುತ್ತಾ ಕೂರುವುದಕ್ಕಿಂತ ಇನ್‌ಸ್ಟಾಲರ್ ಮತ್ತೆ ಓಡಿಸಿ "ಪೋರ್ಟಬಲ್" ಆಯ್ಕೆ ಮಾಡಿ, ಜಾಗ ಅಂತ ಪೆನ್‌ಡ್ರೈವ್‌ನ ಫೋಲ್ಡರ್ ಕೊಡಿ. ಆಮೇಲೆ ಮನೆಯ ಡಾಕ್ಯುಮೆಂಟ್ಸ್‌ನಲ್ಲಿರುವ ಸ್ಕಿನ್ಸ್ ಫೋಲ್ಡರಿನ ಒಳಗಿನದನ್ನು ಹೊಸ ಸ್ಕಿನ್ಸ್ ಫೋಲ್ಡರಿಗೆ ಕಾಪಿ ಮಾಡಿ. ವಿಂಡ್‌ಹಾಕ್‌ನ ಇನ್‌ಸ್ಟಾಲರ್ ಕೂಡ ಪೋರ್ಟಬಲ್ ಆಯ್ಕೆ ಕೊಡುತ್ತದೆ. ಈ ಆಯ್ಕೆಯೇ ಇಲ್ಲದ ಸಾಫ್ಟ್‌ವೇರನ್ನು ಕಾಪಿ ಮಾಡಿ ಪೋರ್ಟಬಲ್ ಮಾಡುತ್ತೇನೆ ಅಂತ ಹೊರಟರೆ ಕೆಲವು ನಡೆಯುತ್ತವೆ, ಹೆಚ್ಚಿನವು ನಡೆಯುವುದಿಲ್ಲ. ನನ್ನ ಪ್ರಕಾರ ಅದು ಸಮಯ ಹಾಳು.

ಐಎನ್‌ಐ ಇದೆ, ಆದರೂ ಬದಲಾಯಿಸಿದ್ದು ಉಳಿಯುತ್ತಿಲ್ಲವೇ? ಅದೇ ಫೋಲ್ಡರ್‌ನಲ್ಲಿ ಒಂದು ಖಾಲಿ ಟೆಕ್ಸ್ಟ್ ಫೈಲ್ ಮಾಡಿ ನೋಡಿ. ಮಾಡಲು ಬಿಡದಿದ್ದರೆ ಡ್ರೈವ್ ರೀಡ್ ಓನ್ಲಿ ಆಗಿದೆ ಅಥವಾ ಜಾಗ ತುಂಬಿದೆ. ಮಾಡಲು ಬಿಟ್ಟರೆ, ಎರಡು ರೈನ್‌ಮೀಟರ್ ಇದೆಯಾ ಅಂತ ಹುಡುಕಿ. ಆ ಕಂಪ್ಯೂಟರ್‌ನಲ್ಲಿ ಯಾರೋ ಮೊದಲೇ ಹಾಕಿದ ರೈನ್‌ಮೀಟರ್ ಓಡುತ್ತಿದ್ದರೆ ನೀವು ಬದಲಾಯಿಸುತ್ತಿರುವುದು ಅವರದ್ದೇ ಆಗಿರಬಹುದು. ಟಾಸ್ಕ್ ಮ್ಯಾನೇಜರ್‌ನಲ್ಲಿ ಅದರ ಮೇಲೆ ರೈಟ್ ಕ್ಲಿಕ್ ಮಾಡಿ "ಓಪನ್ ಫೈಲ್ ಲೊಕೇಶನ್" ಕೊಟ್ಟರೆ ಯಾವುದು ಅಂತ ತಿಳಿಯುತ್ತದೆ.

ವಿನೇರೋ ಟ್ವೀಕರ್‌ನಲ್ಲಿ ಮಾಡಿದ್ದು ಇನ್ನೊಂದು ಕಂಪ್ಯೂಟರ್‌ನಲ್ಲಿ ಕಾಣುತ್ತಿಲ್ಲ ಅಂದರೆ ಹುಡುಕುವುದೇ ಬೇಡ. ಅದು ಮೂರನೆಯ ಜಾತಿ, ಅಲ್ಲಿ ಮತ್ತೆ ಮಾಡಬೇಕು.

## ಸ್ಕಿನ್ ಬರುತ್ತದೆ, ಚಿತ್ರ ಬರುವುದಿಲ್ಲ; ಶಾರ್ಟ್‌ಕಟ್ ಒತ್ತಿದರೆ ಏನೂ ತೆರೆಯುವುದಿಲ್ಲ

ಡ್ರೈವ್ ಲೆಟರ್ ಬದಲಾಗಿದೆ. ಮನೆಯಲ್ಲಿ ಇ, ಆಫೀಸಿನಲ್ಲಿ ಎಫ್. ಕಾರ್ಡ್ ರೀಡರ್ ಇರುವ ಕಂಪ್ಯೂಟರ್‌ನಲ್ಲಿ ಜಿ ಅಥವಾ ಎಚ್ ಕೂಡ ಆಗುತ್ತದೆ. ಸ್ಕಿನ್ ಒಳಗೆ ಚಿತ್ರದ ಪೂರ್ತಿ ವಿಳಾಸ, ಇ ಡ್ರೈವ್‌ನಿಂದ ಶುರುವಾಗಿ, ಬರೆದಿದ್ದರೆ ಆಫೀಸಿನಲ್ಲಿ ಅದು ಇಲ್ಲದ ಮನೆಯ ಬಾಗಿಲು ತಟ್ಟಿದ ಹಾಗೆ.

ಖಚಿತ ಮಾಡಿಕೊಳ್ಳಲು ರೈನ್‌ಮೀಟರಿನ ಅಬೌಟ್ ಕಿಟಕಿಯಲ್ಲಿ ಲಾಗ್ ನೋಡಿ. ಫೈಲ್ ತೆರೆಯಲಾಗಲಿಲ್ಲ ಅಂತ ಸಾಲು ಇರುತ್ತದೆ, ಅದರಲ್ಲಿ ಯಾವ ವಿಳಾಸಕ್ಕೆ ಹೋಗಿತ್ತು ಅನ್ನುವುದೂ ಇರುತ್ತದೆ. ಪರಿಹಾರ: ಚಿತ್ರಗಳನ್ನು ಸ್ಕಿನ್‌ನ @ರಿಸೋರ್ಸಸ್ ಫೋಲ್ಡರಿಗೆ ಹಾಕಿ, ವಿಳಾಸದ ಜಾಗದಲ್ಲಿ #@# ಬರೆದು ಮುಂದೆ ಚಿತ್ರದ ಹೆಸರು ಬರೆಯಿರಿ. ಡ್ರೈವ್ ಲೆಟರ್ ಯಾವುದೇ ಆಗಲಿ, ರೈನ್‌ಮೀಟರ್ ತಾನೇ ಹುಡುಕಿಕೊಳ್ಳುತ್ತದೆ. ಫಾಂಟ್‌ಗಳನ್ನೂ ಅದೇ ಫೋಲ್ಡರ್ ಒಳಗೆ ಫಾಂಟ್ಸ್ ಅಂತ ಇನ್ನೊಂದು ಫೋಲ್ಡರ್ ಮಾಡಿ ಇಟ್ಟರೆ ವಿಂಡೋಸ್‌ಗೆ ಇನ್‌ಸ್ಟಾಲ್ ಮಾಡದೆಯೇ ಓದುತ್ತದೆ. ಆಟೋಹಾಟ್‌ಕೀಯಲ್ಲಿ ಎ_ಸ್ಕ್ರಿಪ್ಟ್‌ಡಿರ್ ಇದೇ ಕೆಲಸ ಮಾಡುತ್ತದೆ.

ಎಲ್ಲವನ್ನೂ ಒಂದೇ ಒತ್ತಿಗೆ ಶುರು ಮಾಡಲು ಬ್ಯಾಚ್ ಫೈಲ್ ಇಟ್ಟುಕೊಂಡವರು ಡ್ರೈವ್ ಲೆಟರ್ ಬದಲು ಪರ್ಸೆಂಟ್ ಚಿಹ್ನೆ, ಟಿಲ್ಡೆ, ಡಿ, ಪಿ, ಸೊನ್ನೆ, ಇವನ್ನು ಜಾಗ ಬಿಡದೆ ಬರೆಯಬೇಕು. ಬ್ಯಾಚ್ ಫೈಲ್ ಇರುವ ಫೋಲ್ಡರ್ ಅಂತ ಅದರ ಅರ್ಥ. ಫೋಲ್ಡರ್ ಹೆಸರಲ್ಲಿ ಜಾಗ ಇದ್ದರೆ ಪೂರ್ತಿ ವಿಳಾಸಕ್ಕೆ ಉದ್ಧರಣ ಚಿಹ್ನೆ ಹಾಕಿ. ಪೆನ್‌ಡ್ರೈವ್‌ನ ಫೋಲ್ಡರ್ ಹೆಸರುಗಳನ್ನು ಇಂಗ್ಲಿಷ್‌ನಲ್ಲೇ ಇಟ್ಟರೆ ಒಳ್ಳೆಯದು, ಬ್ಯಾಚ್ ಫೈಲ್‌ಗೆ ಕನ್ನಡ ಹೆಸರು ಜೀರ್ಣವಾಗದೆ ಇರುವುದುಂಟು.

ಸ್ವಂತ ಕಂಪ್ಯೂಟರ್ ಆದರೆ ಇನ್ನೂ ಸುಲಭದ ದಾರಿ ಇದೆ. ಡಿಸ್ಕ್ ಮ್ಯಾನೇಜ್‌ಮೆಂಟ್‌ನಲ್ಲಿ ಪೆನ್‌ಡ್ರೈವ್‌ಗೆ ಪಿ ಅಥವಾ ಟಿ ತರಹದ ದೂರದ ಲೆಟರ್ ಕೊಡಿ. ಆ ಕಂಪ್ಯೂಟರ್ ಅದನ್ನು ನೆನಪಿಟ್ಟುಕೊಳ್ಳುತ್ತದೆ. ಎರಡೂ ಕಂಪ್ಯೂಟರ್‌ನಲ್ಲಿ ಒಂದೇ ಲೆಟರ್ ಕೊಟ್ಟರೆ ಹಳೆಯ ವಿಳಾಸಗಳೂ ನಡೆಯುತ್ತವೆ. ಇದಕ್ಕೂ ಅಡ್ಮಿನ್ ಬೇಕು.

## ಕನ್ನಡ ಅಕ್ಷರದ ಜಾಗದಲ್ಲಿ ಪ್ರಶ್ನಾರ್ಥಕ ಚಿಹ್ನೆ, ಚೌಕ, ಏನೇನೋ ಕಸ

ಕನ್ನಡದಲ್ಲಿ ಡೆಸ್ಕ್‌ಟಾಪ್ ಮಾಡಿಕೊಳ್ಳುವ ನಮ್ಮಂಥವರಿಗೆ ಮಾತ್ರ ಬರುವ ಕಾಯಿಲೆ ಇದು. ಯಾವ ತರಹದ ಕಸ ಅನ್ನುವುದರಲ್ಲೇ ಉತ್ತರ ಇದೆ.

ಖಾಲಿ ಚೌಕಗಳು ಬಂದರೆ ಅಕ್ಷರ ಸರಿ ಇದೆ, ಫಾಂಟ್ ಇಲ್ಲ. ಸ್ಕಿನ್‌ನಲ್ಲಿ ತುಂಗಾ ಅಂತ ಬರೆದಿದ್ದರೆ ಅದನ್ನು ನಿರ್ಮಲಾ ಯುಐ ಅಂತ ಬದಲಿಸಿ. ವಿಂಡೋಸ್ 10ರಿಂದ ತುಂಗಾ ಬೇಕಿದ್ದವರು ಬೇರೆಯಾಗಿ ಹಾಕಿಕೊಳ್ಳುವ ಫಾಂಟ್. ನಿರ್ಮಲಾ ಯುಐ ಮಾತ್ರ ವಿಂಡೋಸ್ 8ರಿಂದ ಈಚಿನ ಎಲ್ಲದರಲ್ಲೂ ಇರುತ್ತದೆ.

ಪ್ರಶ್ನಾರ್ಥಕ ಚಿಹ್ನೆಗಳು, ಅಥವಾ ತಲೆಯ ಮೇಲೆ ಚುಕ್ಕೆ ಗೆರೆ ಇರುವ ಇಂಗ್ಲಿಷ್ ಅಕ್ಷರಗಳು ಬಂದರೆ ಫೈಲ್ ಸೇವ್ ಮಾಡಿದ ಎನ್‌ಕೋಡಿಂಗ್ (ಅಕ್ಷರಗಳನ್ನು ಫೈಲಿನಲ್ಲಿ ಬರೆದಿಡುವ ಪದ್ಧತಿ) ತಪ್ಪು. ರೈನ್‌ಮೀಟರಿನ ಸ್ಕಿನ್ ಫೈಲ್‌ನಲ್ಲಿ ಕನ್ನಡ ಇದ್ದರೆ ಅದನ್ನು ಯುಟಿಎಫ್-16 ಎಲ್‌ಇ ಆಗಿ ಸೇವ್ ಮಾಡಬೇಕು. ಆಟೋಹಾಟ್‌ಕೀಯ ಹಳೆಯ 1.1 ಆವೃತ್ತಿಗೆ ಯುಟಿಎಫ್-8 ಆಗಬೇಕು, ಜೊತೆಗೆ ಬಾಮ್ (ಫೈಲಿನ ಶುರುವಿನಲ್ಲಿ ಸೇರುವ ಎನ್‌ಕೋಡಿಂಗ್ ಗುರುತು) ಇರಬೇಕು. ಹೊಸ ಆವೃತ್ತಿ 2ಕ್ಕೆ ಬಾಮ್ ಇಲ್ಲದ ಯುಟಿಎಫ್-8 ನಡೆಯುತ್ತದೆ. ನೋಟ್‌ಪ್ಯಾಡ್‌ನಲ್ಲಿ ಸೇವ್ ಆ್ಯಸ್ ಕೊಟ್ಟಾಗ ಕೆಳಗೆ ಎನ್‌ಕೋಡಿಂಗ್ ಪಟ್ಟಿ ಇರುತ್ತದೆ, ಅಲ್ಲಿ ಬದಲಿಸಿದರೆ ಆಯಿತು. "ಮೊದಲು ಸರಿ ಇತ್ತು, ಒಂದು ಪದ ತಿದ್ದಿದ ಮೇಲೆ ಕೆಟ್ಟಿತು" ಅನ್ನುವವರು ಕೂಡ ಇದನ್ನೇ ನೋಡಿ. ಹಳೆಯ ನೋಟ್‌ಪ್ಯಾಡ್‌ನಲ್ಲಿ ಯುಟಿಎಫ್-8 ಅಂತ ಕೊಟ್ಟರೆ ಬಾಮ್ ಸೇರುತ್ತಿತ್ತು. ವಿಂಡೋಸ್ 10ರ 1903 ಆವೃತ್ತಿಯಿಂದ ಬಾಮ್ ಇಲ್ಲದ್ದೇ ಡೀಫಾಲ್ಟ್ ಆಯಿತು.

ಫೈಲ್ ತೆರೆದಾಗಲೇ ಕನ್ನಡದ ಬದಲು ಪೂರ್ತಿ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರ ಕಂಡರೆ ಅದು ನುಡಿ ಸಾಫ್ಟ್‌ವೇರ್‌ನ ಹಳೆಯ, ಯೂನಿಕೋಡ್ ಅಲ್ಲದ ಫಾಂಟ್‌ನಲ್ಲಿ ಟೈಪ್ ಮಾಡಿದ್ದು. ಯೂನಿಕೋಡ್‌ಗೆ ಪರಿವರ್ತಿಸದೆ ಬೇರೆ ದಾರಿ ಇಲ್ಲ.

## ಹಾಟ್‌ಕೀ ಎಲ್ಲ ಕಡೆ ನಡೆಯುತ್ತದೆ, ಒಂದು ಪ್ರೋಗ್ರಾಂನಲ್ಲಿ ಮಾತ್ರ ಇಲ್ಲ

ಆ ಪ್ರೋಗ್ರಾಂ ಅಡ್ಮಿನ್ ಆಗಿ ಓಡುತ್ತಿದೆ, ನಿಮ್ಮ ಸ್ಕ್ರಿಪ್ಟ್ ಮಾಮೂಲಿಯಾಗಿ ಓಡುತ್ತಿದೆ. ಕೆಳಗಿನದು ಮೇಲಿನದಕ್ಕೆ ಕೀ ಕಳಿಸದಂತೆ ವಿಂಡೋಸ್ ತಡೆಯುತ್ತದೆ. ಕೆಲವು ಬಿಲ್ಲಿಂಗ್ ಸಾಫ್ಟ್‌ವೇರ್‌ಗಳನ್ನು ಅಡ್ಮಿನ್ ಆಗಿಯೇ ಓಡುವಂತೆ ಹಾಕಿಟ್ಟಿರುತ್ತಾರೆ, ಅಲ್ಲಿ ಇದು ಕಾಣುತ್ತದೆ. ಸ್ವಂತ ಕಂಪ್ಯೂಟರ್ ಆದರೆ ಸ್ಕ್ರಿಪ್ಟನ್ನೂ ಅಡ್ಮಿನ್ ಆಗಿ ಓಡಿಸಿ. ಅಂಗಡಿಯದ್ದಾದರೆ ಬಿಟ್ಟುಬಿಡಿ.

ಶುರುವಿನಲ್ಲೇ ಎರರ್ ಪೆಟ್ಟಿಗೆ ಬಂದು ಸಾಲಿನ ನಂಬರ್ ತೋರಿಸಿದರೆ ಆವೃತ್ತಿ ಹೊಂದಿಲ್ಲ. ಆಟೋಹಾಟ್‌ಕೀ 2 ಬಂದದ್ದು 2022ರ ಡಿಸೆಂಬರ್‌ನಲ್ಲಿ, ಬರೆಯುವ ರೀತಿಯೇ ಬದಲಾಗಿದೆ. ಹಳೆಯ ಸ್ಕ್ರಿಪ್ಟ್‌ಗೆ ಹಳೆಯ ಇಎಕ್ಸ್‌ಇ ಜೊತೆಗೇ ಇಟ್ಟುಕೊಳ್ಳಿ.

## ಗಡಿಯಾರ ಪರದೆಯಿಂದ ಆಚೆ ಹೋಗಿದೆ, ಅಥವಾ ಮಸುಕಾಗಿದೆ

ಮನೆಯ ಪರದೆ 1920×1080, ಕೌಂಟರಿನದು 1366×768. ಮನೆಯಲ್ಲಿ ಬಲತುದಿಗೆ ಇಟ್ಟದ್ದು ಅಲ್ಲಿ ಪರದೆಯ ಹೊರಗೆ. ರೈನ್‌ಮೀಟರ್ ಮ್ಯಾನೇಜ್ ಕಿಟಕಿಯಲ್ಲಿ ಆ ಸ್ಕಿನ್ ಆಯ್ಕೆ ಮಾಡಿ "ಕೀಪ್ ಆನ್ ಸ್ಕ್ರೀನ್" ಟಿಕ್ ಮಾಡಿ. ಜಾಗವನ್ನು ಪಿಕ್ಸೆಲ್ ಬದಲು ಶೇಕಡಾದಲ್ಲಿ ಬರೆದರೆ ಎರಡೂ ಕಡೆ ಸರಿ ಹೊಂದುತ್ತದೆ. ಮಸುಕಾಗಿದ್ದರೆ ಇಎಕ್ಸ್‌ಇ ಪ್ರಾಪರ್ಟೀಸ್‌ನ ಕಂಪ್ಯಾಟಿಬಿಲಿಟಿಯಲ್ಲಿ ಹೈ ಡಿಪಿಐ ಸೆಟ್ಟಿಂಗ್ ಬದಲಿಸಿ ನೋಡಿ.

## "ಡಿವೈಸ್ ಈಸ್ ಕರೆಂಟ್ಲಿ ಇನ್ ಯೂಸ್" ಅಂತ ಹೊರಗೆ ಬಿಡುವುದಿಲ್ಲ

ಕಿಟಕಿ ಮುಚ್ಚಿದ ಮಾತ್ರಕ್ಕೆ ಈ ಸಾಫ್ಟ್‌ವೇರ್‌ಗಳು ನಿಲ್ಲುವುದಿಲ್ಲ. ಗಡಿಯಾರದ ಪಕ್ಕದ ಟ್ರೇಯಲ್ಲಿ ಐಕಾನ್ ಇರುತ್ತದೆ, ಅದರ ಮೇಲೆ ರೈಟ್ ಕ್ಲಿಕ್ ಮಾಡಿ ಎಕ್ಸಿಟ್ ಕೊಡಿ. ಆಗಲೂ ಬಿಡದಿದ್ದರೆ ರಿಸೋರ್ಸ್ ಮಾನಿಟರ್ ತೆರೆದು ಸಿಪಿಯು ಪುಟದ ಅಸೋಸಿಯೇಟೆಡ್ ಹ್ಯಾಂಡಲ್ಸ್‌ನಲ್ಲಿ ಡ್ರೈವ್ ಲೆಟರ್ ಮತ್ತು ಕೋಲನ್ ಚಿಹ್ನೆ ಹಾಕಿ ಹುಡುಕಿ. ಯಾರು ಹಿಡಿದುಕೊಂಡಿದ್ದಾರೆ ಅಂತ ಹೆಸರು ಸಮೇತ ಬರುತ್ತದೆ. ಯಾವುದೂ ಆಗದಿದ್ದರೆ ಕಂಪ್ಯೂಟರ್ ಆರಿಸಿ ಆಮೇಲೆ ತೆಗೆಯಿರಿ.

ಸುಮ್ನೆ ಕಿತ್ತರೆ ಏನಾಗುತ್ತದೆ ಅಂತ ಕೇಳಬಹುದು. ವಿಂಡೋಸ್ 10ರ 1809 ಆವೃತ್ತಿಯಿಂದ ಡೀಫಾಲ್ಟ್ ಆಗಿ "ಕ್ವಿಕ್ ರಿಮೂವಲ್" ಇದೆ, ಖಾಲಿ ಕೂತಿರುವ ಪೆನ್‌ಡ್ರೈವ್ ಕಿತ್ತರೆ ಸಾಮಾನ್ಯವಾಗಿ ಏನೂ ಆಗುವುದಿಲ್ಲ. ಆದರೆ ಇಲ್ಲಿ ಪ್ರೋಗ್ರಾಂ ಅದರಿಂದಲೇ ಓಡುತ್ತಿದೆ, ಅದಕ್ಕೇ ಬರೆಯುತ್ತಿದೆ. ಅದು ಬೇರೆ ಮಾತು. ವಿಂಡ್‌ಹಾಕ್ ಓಡುತ್ತಿರುವಾಗ ಕಿತ್ತರಂತೂ ಎಕ್ಸ್‌ಪ್ಲೋರರ್ ಬಿದ್ದುಹೋಗಬಹುದು.

## ಟಾಸ್ಕ್‌ಬಾರ್ ಮಾಯ, ಪರದೆ ಮಿಣಮಿಣ ಅನ್ನುತ್ತದೆ

ಗಾಬರಿ ಆಗಬೇಡಿ, ಪವರ್ ಬಟನ್ ಒತ್ತಿ ಹಿಡಿಯಬೇಡಿ. ಎರಡನೆಯ ಜಾತಿಯ ಸಾಫ್ಟ್‌ವೇರ್‌ನ ಲಕ್ಷಣ ಇದು, ವಿಂಡೋಸ್ ಅಪ್‌ಡೇಟ್ ಆದ ಮರುದಿನ ಜಾಸ್ತಿ. ಅಪ್‌ಡೇಟ್ ಎಕ್ಸ್‌ಪ್ಲೋರರ್‌ನ ಒಳರಚನೆ ಬದಲಿಸಿರುತ್ತದೆ, ಹಳೆಯ ಲೆಕ್ಕದ ಕೋಡ್ ಅಲ್ಲಿ ಹೊಂದುವುದಿಲ್ಲ.

ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಒಟ್ಟಿಗೆ ಒತ್ತಿದರೆ ಟಾಸ್ಕ್ ಮ್ಯಾನೇಜರ್ ಬರುತ್ತದೆ. ಮೊದಲು ಆ ಸಾಫ್ಟ್‌ವೇರನ್ನು ನಿಲ್ಲಿಸಿ, ಆಮೇಲೆ ವಿಂಡೋಸ್ ಎಕ್ಸ್‌ಪ್ಲೋರರ್ ಮೇಲೆ ಕ್ಲಿಕ್ ಮಾಡಿ ರೀಸ್ಟಾರ್ಟ್ ಕೊಡಿ. ಪಟ್ಟಿಯಲ್ಲಿ ಎಕ್ಸ್‌ಪ್ಲೋರರ್ ಇಲ್ಲವೇ ಇಲ್ಲ ಅಂದರೆ "ರನ್ ನ್ಯೂ ಟಾಸ್ಕ್" ಒತ್ತಿ explorer ಅಂತ ಟೈಪ್ ಮಾಡಿ. ಸರಿಯಾದರೆ ಸಾಫ್ಟ್‌ವೇರ್‌ನ ಹೊಸ ಆವೃತ್ತಿ ಬರುವವರೆಗೆ ಅದನ್ನು ಮುಟ್ಟಬೇಡಿ.

ರೀಸ್ಟಾರ್ಟ್ ಮಾಡಿದರೂ ಮತ್ತೆ ಅದೇ ಆದರೆ ಪೆನ್‌ಡ್ರೈವ್ ತೆಗೆದು ಆನ್ ಮಾಡಿ. ಆಗ ಸರಿಯಾದರೆ ಕಾರಣ ಖಚಿತ. ಪೆನ್‌ಡ್ರೈವ್ ಇಲ್ಲದೆಯೂ ಆಗುತ್ತಿದ್ದರೆ ಏನೋ ಆ ಕಂಪ್ಯೂಟರ್‌ನಲ್ಲೇ ಉಳಿದಿದೆ. ಶಿಫ್ಟ್ ಹಿಡಿದುಕೊಂಡು ರೀಸ್ಟಾರ್ಟ್ ಕೊಟ್ಟು, ಟ್ರಬಲ್‌ಶೂಟ್, ಅಡ್ವಾನ್ಸ್ಡ್ ಆಪ್ಷನ್ಸ್, ಸ್ಟಾರ್ಟ್‌ಅಪ್ ಸೆಟ್ಟಿಂಗ್ಸ್ ದಾರಿಯಲ್ಲಿ ಹೋಗಿ 4 ಒತ್ತಿದರೆ ಸೇಫ್ ಮೋಡ್. ಅಲ್ಲಿಂದ ಸಿಸ್ಟಂ ರೀಸ್ಟೋರ್ ಮಾಡಬಹುದು, ರೀಸ್ಟೋರ್ ಪಾಯಿಂಟ್ (ಹಿಂದಿನ ಸ್ಥಿತಿಗೆ ಮರಳಲು ಉಳಿಸಿಟ್ಟ ಪ್ರತಿ) ಇದ್ದರೆ. ಆದರೆ ಈ ದಾರಿಯಲ್ಲಿ ಬಿಟ್‌ಲಾಕರ್ (ಡಿಸ್ಕ್‌ಗೆ ಬೀಗ ಹಾಕುವ ವಿಂಡೋಸ್‌ನ ಎನ್‌ಕ್ರಿಪ್ಷನ್) ರಿಕವರಿ ಕೀ ಕೇಳಬಹುದು, 48 ಅಂಕಿಯದ್ದು. ಅದು ಕೈಯಲ್ಲಿ ಇಲ್ಲದೆ ಶುರು ಮಾಡಬೇಡಿ. ಹೊಸ ವಿಂಡೋಸ್ 11 ಲ್ಯಾಪ್‌ಟಾಪ್‌ಗಳಲ್ಲಿ ನಿಮಗೆ ಗೊತ್ತಿಲ್ಲದೆಯೇ ಎನ್‌ಕ್ರಿಪ್ಷನ್ ಆನ್ ಆಗಿರಬಹುದು.

ರಿಜಿಸ್ಟ್ರಿ ಬದಲಿಸುವ ಸಾಫ್ಟ್‌ವೇರ್ ಮುಟ್ಟುವ ಮೊದಲು ರೀಸ್ಟೋರ್ ಪಾಯಿಂಟ್ ಮಾಡಿಟ್ಟುಕೊಳ್ಳಿ. ಹೋಮ್‌ಸ್ಟೇ ಬುಕ್ಕಿಂಗ್ ಓಡುವ ಕಂಪ್ಯೂಟರ್ ಆದರೆ ಈ ಎರಡು, ಮೂರನೆಯ ಜಾತಿಯನ್ನು ಓಡಿಸಲೇಬಾರದು ಅನ್ನುವುದು ನನ್ನ ಅಭಿಪ್ರಾಯ. ಶನಿವಾರ ಸಂಜೆ ಬಾಗಿಲಲ್ಲಿ ಗೆಸ್ಟ್ ನಿಂತಿರುವಾಗ ಟಾಸ್ಕ್‌ಬಾರ್ ಹುಡುಕುವುದು ಯಾರಿಗೆ ಬೇಕು?

## ಫೋಲ್ಡರ್‌ಗಳೆಲ್ಲ ಶಾರ್ಟ್‌ಕಟ್ ಆಗಿವೆ

ಜೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್ ತೆಗೆಸಿ ಬಂದ ಮೇಲೆ ಹೀಗಾಗುವುದು ಜಾಸ್ತಿ. ಡ್ರೈವ್ ತೆರೆದರೆ ಒಳಗೆ ಇನ್ನೊಂದು ಡ್ರೈವ್‌ನ ಚಿತ್ರ, ಮೂಲೆಯಲ್ಲಿ ಬಾಣ. ಅದನ್ನು ಒತ್ತಿದರೆ ಫೈಲ್‌ಗಳೂ ತೆರೆಯುತ್ತವೆ, ವೈರಸ್ ಕೂಡ ಓಡುತ್ತದೆ. ಆದ್ದರಿಂದ ಒತ್ತಬೇಡಿ.

ಎಕ್ಸ್‌ಪ್ಲೋರರ್‌ನ ವ್ಯೂ ಆಪ್ಷನ್ಸ್‌ನಲ್ಲಿ ಹಿಡನ್ ಫೈಲ್ ತೋರಿಸುವಂತೆ ಮಾಡಿ, "ಹೈಡ್ ಪ್ರೊಟೆಕ್ಟೆಡ್ ಆಪರೇಟಿಂಗ್ ಸಿಸ್ಟಂ ಫೈಲ್ಸ್" ಟಿಕ್ ಕೂಡ ತೆಗೆಯಿರಿ. ಆಗ ಸಾಮಾನ್ಯವಾಗಿ ಹೆಸರೇ ಇಲ್ಲದ ಒಂದು ಮಂಕು ಫೋಲ್ಡರ್ ಕಾಣುತ್ತದೆ. ನಿಮ್ಮ ಫೈಲ್‌ಗಳು ಅದರೊಳಗೆ ಹಾಗೇ ಇರುತ್ತವೆ. ಕಾಗದಪತ್ರ, ಫೋಟೋ, ಸ್ಕಿನ್, ಐಎನ್‌ಐ ಇವನ್ನು ಕಾಪಿ ಮಾಡಿಕೊಳ್ಳಿ. ಇಎಕ್ಸ್‌ಇಗಳನ್ನು ಮಾತ್ರ ತರಬೇಡಿ, ಹೊಸದಾಗಿ ಇಳಿಸಿ. ಆಮೇಲೆ ಡಿಫೆಂಡರ್‌ನಿಂದ ಕಂಪ್ಯೂಟರ್ ಪೂರ್ತಿ ಸ್ಕ್ಯಾನ್, ಆಫ್‌ಲೈನ್ ಸ್ಕ್ಯಾನ್ ಕೂಡ, ಆಮೇಲೆಯೇ ಪೆನ್‌ಡ್ರೈವ್ ಫಾರ್ಮ್ಯಾಟ್. ಕಂಪ್ಯೂಟರ್ ಕ್ಲೀನ್ ಮಾಡದೆ ಪೆನ್‌ಡ್ರೈವ್ ಮಾತ್ರ ತೊಳೆದರೆ ಮತ್ತೆ ಚುಚ್ಚಿದ ಕೂಡಲೇ ಅದೇ ಕಥೆ.

ಪ್ರಿಂಟ್‌ಗೆ ಅಂತ ಬೇರೆ ಸಣ್ಣ ಪೆನ್‌ಡ್ರೈವ್ ಇಟ್ಟುಕೊಳ್ಳಿ. ಡೆಸ್ಕ್‌ಟಾಪ್ ಸೆಟಪ್ ಇರುವುದನ್ನು ಅಂಗಡಿಗೆ ಕೊಡಬೇಡಿ.

## ತುಂಬಾ ನಿಧಾನ

ಯುಎಸ್‌ಬಿ 2 ಪೋರ್ಟ್‌ನಲ್ಲಿ ಹಾಕಿದ್ದೀರಾ ನೋಡಿ. ಅದರ ಮಿತಿ ಸೆಕೆಂಡಿಗೆ 480 ಮೆಗಾಬಿಟ್, ಯುಎಸ್‌ಬಿ 3ರದ್ದು 5 ಗಿಗಾಬಿಟ್. ನೀಲಿ ಪೋರ್ಟ್‌ಗೆ ಹಾಕಿದರೂ ನಿಧಾನವಾದರೆ ಪೆನ್‌ಡ್ರೈವ್‌ನ ಗುಣವೇ ಅಷ್ಟು. ಸ್ಕಿನ್ ಅಂದರೆ ನೂರಾರು ಸಣ್ಣ ಫೈಲ್. ಅಗ್ಗದ ಪೆನ್‌ಡ್ರೈವ್‌ಗಳು ದೊಡ್ಡ ಸಿನಿಮಾ ಫೈಲನ್ನು ಸರಾಗವಾಗಿ ಕಾಪಿ ಮಾಡಿದರೂ ಸಣ್ಣ ಫೈಲ್‌ಗಳಲ್ಲಿ ಏದುಸಿರು ಬಿಡುತ್ತವೆ. ಬಳಸದ ಸ್ಕಿನ್ ತೆಗೆಯಿರಿ, ಲಾಗ್ ಬರೆಯುವುದನ್ನು ನಿಲ್ಲಿಸಿ. ಸಾಲದಿದ್ದರೆ ಪೋರ್ಟಬಲ್ ಎಸ್‌ಎಸ್‌ಡಿ.

## "ಫಾರ್ಮ್ಯಾಟ್ ಮಾಡಬೇಕು" ಅಂತ ಕೇಳುತ್ತದೆ, ಅಥವಾ ರೈಟ್ ಪ್ರೊಟೆಕ್ಟೆಡ್

ಮಳೆಗಾಲದಲ್ಲಿ ಮರ ಬಿದ್ದು ಕರೆಂಟ್ ಹೋಗುವುದು, ಬರುವುದು, ಮತ್ತೆ ಹೋಗುವುದು. ಯುಪಿಎಸ್ ಇಲ್ಲದ ಡೆಸ್ಕ್‌ಟಾಪ್‌ನಲ್ಲಿ ಬರೆಯುತ್ತಿರುವಾಗಲೇ ಹೀಗಾದರೆ ಫೈಲ್ ಸಿಸ್ಟಂ (ಡ್ರೈವ್‌ನಲ್ಲಿ ಫೈಲ್‌ಗಳನ್ನು ಜೋಡಿಸಿಡುವ ವ್ಯವಸ್ಥೆ) ಅರ್ಧಂಬರ್ಧ ಆಗುತ್ತದೆ. ಎಕ್ಸ್‌ಫ್ಯಾಟ್, ಫ್ಯಾಟ್32 ಎಂಬ ಎರಡು ಫೈಲ್ ಸಿಸ್ಟಂಗಳಲ್ಲೂ ಜರ್ನಲ್ (ಬದಲಾವಣೆ ಮಾಡುವ ಮೊದಲು ಅದನ್ನು ಗುರುತು ಹಾಕಿಡುವ ಪಟ್ಟಿ) ಇಲ್ಲ. ಎನ್‌ಟಿಎಫ್‌ಎಸ್‌ನಲ್ಲಿ ಇದೆ, ಅದಕ್ಕೇ ವಿಂಡೋಸ್ ಕಂಪ್ಯೂಟರ್‌ಗಳ ನಡುವೆ ಮಾತ್ರ ಓಡಾಡುವ ಪೆನ್‌ಡ್ರೈವ್‌ಗೆ ನಾನು ಎನ್‌ಟಿಎಫ್‌ಎಸ್ ಹೇಳುತ್ತೇನೆ.

ಫಾರ್ಮ್ಯಾಟ್ ಕೇಳಿದರೆ ಕ್ಯಾನ್ಸಲ್ ಒತ್ತಿ. ಇನ್ನೊಂದು ಕಂಪ್ಯೂಟರ್‌ನಲ್ಲಿ ಹಾಕಿ ನೋಡಿ. ಅಲ್ಲಿ ತೆರೆದರೆ ಮೊದಲು ಕಾಪಿ, ಆಮೇಲೆ ಪ್ರಾಪರ್ಟೀಸ್‌ನ ಟೂಲ್ಸ್‌ನಲ್ಲಿ ಎರರ್ ಚೆಕ್. ಅಲ್ಲೂ ಕೇಳಿದರೆ, ಒಳಗಿರುವುದು ಸ್ಕಿನ್ ಮಾತ್ರ ಆದರೆ ಫಾರ್ಮ್ಯಾಟ್ ಮಾಡಿ ಮುಂದೆ ಹೋಗಿ. ತೋಟದ ಲೆಕ್ಕ, ಪ್ರಾಜೆಕ್ಟ್ ರಿಪೋರ್ಟ್ ಅದರಲ್ಲೇ ಇದ್ದರೆ ಟೆಸ್ಟ್‌ಡಿಸ್ಕ್, ಫೋಟೋರೆಕ್ ಅನ್ನುವ ಉಚಿತ ಸಾಫ್ಟ್‌ವೇರ್ ಇವೆ. ಸಿಕ್ಕಿದ್ದನ್ನು ಬೇರೆ ಡಿಸ್ಕ್‌ಗೇ ಬರೆಯಬೇಕು, ಅದೇ ಪೆನ್‌ಡ್ರೈವ್‌ಗೆ ಅಲ್ಲ. ಡ್ರೈವ್ ಬಿಸಿಯಾಗುತ್ತಿದೆ, ಬಂದು ಹೋಗುತ್ತಿದೆ, ಒಳಗಿನದು ನಿಜಕ್ಕೂ ಬೇಕು ಅಂದರೆ ಯಾವುದನ್ನೂ ಓಡಿಸದೆ ತೆಗೆದಿಟ್ಟು ಡೇಟಾ ರಿಕವರಿ ಮಾಡುವವರ ಹತ್ತಿರ ಕೊಂಡೊಯ್ಯಿರಿ. ಪ್ರತಿ ಪ್ರಯತ್ನದಲ್ಲೂ ಅದು ಇನ್ನಷ್ಟು ಹಾಳಾಗುತ್ತದೆ.

ರೈಟ್ ಪ್ರೊಟೆಕ್ಟೆಡ್ ಅಂದರೆ ಪಕ್ಕದಲ್ಲಿ ಸಣ್ಣ ಸ್ವಿಚ್ ಇದೆಯಾ ನೋಡಿ, ಕೆಲವಕ್ಕೆ ಇರುತ್ತದೆ. ಸ್ವಿಚ್ ಇಲ್ಲದೆ, ಎಲ್ಲ ಕಂಪ್ಯೂಟರ್‌ನಲ್ಲೂ ಹೀಗೇ ಹೇಳಿದರೆ ಚಿಪ್ ಸವೆದು ತಾನೇ ಬರೆಯುವುದನ್ನು ನಿಲ್ಲಿಸಿರಬಹುದು. ಓದಲು ಇನ್ನೂ ಬಿಡುತ್ತಿರುವಾಗಲೇ ಎಲ್ಲ ಕಾಪಿ ಮಾಡಿಕೊಂಡು ಹೊಸದು ತನ್ನಿ.

ಹೊಸದು ತರುವಾಗ ಕೆಲವು ನೂರು ರೂಪಾಯಿಗೆ 1 ಟಿಬಿ ಅಂತ ಬರುವುದನ್ನು ಕೊಳ್ಳಬೇಡಿ, ಒಳಗೆ ಅಷ್ಟು ಜಾಗ ಇರುವುದಿಲ್ಲ. ತಂದ ಕೂಡಲೇ, ಏನೂ ಹಾಕುವ ಮೊದಲು, ಎಚ್‌2ಟೆಸ್ಟ್‌ಡಬ್ಲ್ಯೂ ಓಡಿಸಿ. ಪೂರ್ತಿ ಬರೆದು ಪೂರ್ತಿ ಓದಿ ನೋಡುತ್ತದೆ, ದೊಡ್ಡ ಡ್ರೈವ್ ಆದರೆ ಗಂಟೆಗಟ್ಟಲೆ ಹಿಡಿಯುತ್ತದೆ. ಎರರ್ ಬಂದರೆ ಬಿಲ್ ಸಮೇತ ವಾಪಸ್ ಕೊಡಿ. ಬರದಿದ್ದರೆ ಎನ್‌ಟಿಎಫ್‌ಎಸ್ ಮಾಡಿ, ಲೆಟರ್ ಕೊಟ್ಟು, ಪೋರ್ಟಬಲ್ ಇನ್‌ಸ್ಟಾಲ್ ಮಾಡಿ, ಇಡೀ ಫೋಲ್ಡರಿನ ಒಂದು ಜಿಪ್ ಮನೆಯ ಕಂಪ್ಯೂಟರ್‌ನಲ್ಲೂ ಇಟ್ಟುಕೊಳ್ಳಿ.